ಮಾದಪ್ಪಣ್ಣನ ಸಂಗೀತ

ಮಾದಪ್ಪಣ್ಣ ನಮ್ಮ ಮನೆಗೆ ಬಂದರೆ ಮೊದಲು ನನ್ನ ಬೀಸುವ ಕಲ್ಲನ್ನು ಮಾತಾಡಿಸುತ್ತಿದ್ದ, ಆಮೇಲೆ ನನ್ನನ್ನು. "ಇನ್ನೊಂಚೂರು ನಿದಾನುಕ್ ಬೀಸು ಗೌರವ್ವ, ಕಲ್ಲು ನರಳ್ಬೇಕು" ಎಂದು ಕಂಬಳಿ ಸುತ್ತಿದ ಟೇಪ್ ರೆಕಾರ್ಡರ್ ಅನ್ನು ಪಕ್ಕದಲ್ಲಿಡುತ್ತಿದ್ದ. ಅವನು ನರಳಿಸುವಷ್ಟರಲ್ಲಿ ನಮ್ಮ ಮನೆಯ ಊಟ ತಡವಾಗುತ್ತಿತ್ತು.

ಹಾಡು, ಕುಣಿತ ಇಲ್ಲದ ಸಣ್ಣ ಸಿನಿಮಾಗಳಿಗೆ ಅವನು ಸಂಗೀತ ಮಾಡುತ್ತಿದ್ದ. ಹಾರ್ಮೋನಿಯಂನಲ್ಲಿ ಒಂದೇ ಸ್ವರ ಒತ್ತಿ ಅರ್ಧ ಗಂಟೆ ಕೂರುತ್ತಿದ್ದ. ಅವನ ತಾಯಿ ನನ್ನನ್ನು ಕರೆದು, "ಆರ್ಮೋನಿ ಕೆಟ್ಟೋಗದ ಅಂತ ಕಾಣ್ತದ, ನೀನಾರ ಅವನ್ಗ ಏಳವ್ವ" ಎನ್ನುತ್ತಿದ್ದರು.

ಎರಡು ಸಿನಿಮಾ ಮಾಡಿದ್ದರೂ ತೆರೆಯ ಮೇಲೆ ಅವನ ಹೆಸರು ಬಂದಿರಲಿಲ್ಲ. ಮೂರನೆಯದರಲ್ಲಿ ಹಾಕಿಸುವುದಾಗಿ ಮೈಸೂರಿನ ನಿರ್ದೇಶಕರು ಮಾತು ಕೊಟ್ಟಿದ್ದರು. ಅವರಿಗೆ ಬೇಕಿದ್ದದ್ದು ಕಾಡಂಚಿನ ಭಯ. ಮಾದಪ್ಪಣ್ಣ ತಾಳಮಲೆ ಕಾಡಿನಲ್ಲಿ ವಾರವಿದ್ದು ಆನೆಗಳ ಘೀಳನ್ನು ಟೇಪಿನಲ್ಲಿ ಹಿಡಿದು ತಂದ. ನಿರ್ದೇಶಕರು ಬರುವ ಹಿಂದಿನ ಸಂಜೆ ಒಂದು ಯಂತ್ರದಲ್ಲಿ ಅದನ್ನು ಜೋರಾಗಿ ಹಾಕಿ, ಹಾರ್ಮೋನಿಯಂ ಒತ್ತುತ್ತ, ಎರಡನ್ನೂ ಇನ್ನೊಂದು ಯಂತ್ರಕ್ಕೆ ತುಂಬಿಸುತ್ತಿದ್ದ. ಊರ ಗಾಳಿಯೂ ಸೇರಲೆಂದು ಕಿಟಕಿ ತೆರೆದಿಟ್ಟಿದ್ದ.

ನನ್ನ ರಾಗಿ ತೆನೆಗೆ ಬಂದಿತ್ತು. ಘೀಳು ಕೇಳಿದ್ದೇ ತಡ, "ಆನ ಬಂದವ ಕಣ್ರಪ್ಪೋ!" ಎಂದು ಎಣ್ಣೆ ಡಬ್ಬ ಬಡಿಯುತ್ತ ಓಡಿದೆ. ಹಿಂದೆಯೇ ನಮ್ಮ ಇಡೀ ಕೆಳಗಿನ ಬೀದಿ ತಗಡು, ತಟ್ಟೆ, ಬೊಬ್ಬೆ ಸಮೇತ ಹೊಲಕ್ಕೆ ನುಗ್ಗಿತು. ಆನೆಗಳು ಮುಟ್ಟದ ರಾಗಿಯನ್ನು ನಾವೇ ತುಳಿದೆವು. ತಿರುಗಿ ಬಂದರೆ ಮಾದಪ್ಪಣ್ಣ ತಲೆ ಹಿಡಿದು ಕೂತಿದ್ದ.

"ಮುಗೀತು ಕಣವ್ವ. ಇದ್ದುದ್ದೊಂದೇ ಕಾಲಿ ಟೇಪು, ತಿರ್ಗಾ ತುಂಬ್ಸಕ ಬ್ಯಾಟ್ರಿನೂ ಇಲ್ಲ. ನಿನ್ ಡಬ್ಬ ಎಲ್ಲನೂ ನುಂಗ್ಬುಡ್ತು."

ಮರುದಿನ ನಿರ್ದೇಶಕರು ಅದನ್ನು ಮೂರು ಸಲ ಕೇಳಿದರು. "ಇದೇ ಬೇಕಿತ್ತು ನನಗೆ" ಎಂದು ಟೇಪನ್ನು ಎದೆಗವಚಿಕೊಂಡು ಹೊರಟೇಬಿಟ್ಟರು.

ಚಾಮರಾಜನಗರದಲ್ಲಿ ಸಿನಿಮಾ ತೋರಿಸಿದಾಗ ನಾವೆಲ್ಲ ಬಸ್ಸು ಹತ್ತಿ ಹೋದೆವು. ಅವನ ಹೆಸರಿಗಾಗಿ ಕಣ್ಣು ಮಿಟುಕಿಸದೆ ಕಾದೆ. ತೆರೆಯ ಮೇಲೆ ಬಂದದ್ದು: "ಸಂಗೀತ: ಕೆಳಗಿನ ಬೀದಿಯ ಜನ". ನಮ್ಮವರು ಶಿಳ್ಳೆ ಹೊಡೆದರು. ನನಗೆ ಮೈಯೆಲ್ಲ ಉರಿಯಿತು. ಹೊರಗೆ ಬಂದವಳೇ ನಿರ್ದೇಶಕರನ್ನು ಬೈಯತೊಡಗಿದೆ.

ಮಾದಪ್ಪಣ್ಣ ತಡೆದ. "ಅವ್ರುನ್ಯಾಕ್ ಬೈದೀಯ? ನಾನೇ ಅಂಗ್ ಬರ್ಸುದ್ದು. ನಾನು ನುಡುಸ್ದಾಗ ಭಯ ಬರ್ನಿಲ್ಲ ಕಣವ್ವ, ನೀವು ಬಡುದಾಗ ಬಂತು. ನನ್ ಎಸ್ರಾಕುದ್ರ ಸುಳ್ಳಾಗದು."

ಅವನಿಗೆ ನಾಲ್ಕನೆಯ ಸಿನಿಮಾ ಸಿಗಲಿಲ್ಲ. ಎರಡು ವರ್ಷಕ್ಕೆ ಜ್ವರ ಬಂದು ತೀರಿಕೊಂಡ. ಅವನ ಹೆಸರು ಬರದ ಉರಿ ನನಗೆ ಇನ್ನೂ ಆರಿಲ್ಲ. ಆ ಸಂಗೀತ ಯಾರದ್ದೆಂದು ಕೇಳಿದವರಿಗೆ ನಮ್ಮ ಬೀದಿಯವರು ಇವತ್ತಿಗೂ ಎದೆಯುಬ್ಬಿಸಿ "ನಮ್ದೇ" ಎನ್ನುತ್ತಾರೆ. ನಾನು ಮಾತ್ರ "ಮಾದಪ್ಪಣ್ಣಂದು" ಎನ್ನುತ್ತೇನೆ.