ಮೇಣದಬತ್ತಿಯ ಮುಂದೆ ಅತ್ತೆ

ಶಿಕಾಗೋದಿಂದ ಹೊರಟ ಟೂರ್ ಬಸ್ಸು ನಮ್ಮನ್ನು ಬೆಟ್ಟದ ಮೇಲಿನ ಕ್ರೈಸ್ತ ಮಠದ ಎದುರು ಇಳಿಸಿತು. ಹುಬ್ಬಳ್ಳಿಯಿಂದ ಬಂದಿದ್ದ ನನ್ನ ಅತ್ತೆ ಜೊತೆಗಿದ್ದರು. ಮಠದ ದೊಡ್ಡ ಚರ್ಚು ಬಸಿಲಿಕಾದೊಳಗೆ ಗೈಡ್ ಎಲ್ಲರಿಗೂ ಮೇಣದಬತ್ತಿ ಕೊಟ್ಟು, ತೀರಿಕೊಂಡವರ ಹೆಸರು ಹೇಳಿ ಹಚ್ಚಿದರೆ ಸಂಜೆಯ ಪ್ರಾರ್ಥನೆಯಲ್ಲಿ ಅವರನ್ನೂ ನೆನೆಯುತ್ತೇವೆ ಎಂದಳು. ಅತ್ತೆ ಬತ್ತಿಯನ್ನು ಹಚ್ಚದೆ ಕೈಯಲ್ಲೇ ಹಿಡಿದುಕೊಂಡರು. ಮಾವ ಹೋಗಿ ವರ್ಷವಾಗಿತ್ತು. ಗಂಡನ ಹೆಸರನ್ನು ಅವರು ಬಾಯಿಬಿಟ್ಟು ಹೇಳಿದ್ದನ್ನು ನಾನೆಂದೂ ಕೇಳಿರಲಿಲ್ಲ.

"ನಾನು ಹೇಳ್ಲಾ ಅತ್ತೆ?" ಎಂದೆ.

"ಬ್ಯಾಡವಾ, ನಾನ ಹೇಳ್ತೀನಿ."

ಬತ್ತಿ ಹಚ್ಚಿ, ಸೆರಗು ಸರಿಮಾಡಿಕೊಂಡು, "ಗುರುಲಿಂಗಪ್ಪ" ಎಂದು ಪಿಸುಗುಟ್ಟಿದರು.

ಗೈಡ್‌ಗೆ ತಿಳಿಯಲಿಲ್ಲವೇನೋ, ಬಗ್ಗಿ ಇನ್ನೊಮ್ಮೆ ಹೇಳಿ ಎಂದಳು. ಅತ್ತೆಯ ಮುಖ ಕೆಂಪಾಯಿತು. ಆದರೂ ಈ ಸಲ, ಮುಂದಿನ ಬೆಂಚಿನವರು ತಿರುಗಿ ನೋಡುವಷ್ಟು ಗಟ್ಟಿಯಾಗಿ ಹೇಳಿದರು.