ಎರಡನೇ ಹಾಳಿ

ಮೊನ್ನೆ ಯಾದಗಿರಿಗೆ ಹೋದಾಗ ನನ್ನ ನಿವೃತ್ತಿಯ ಸನ್ಮಾನ ಪತ್ರಕ್ಕೆ ಕಟ್ಟು ಹಾಕಿಸಲು ಫ್ರೇಮಿನ ಅಂಗಡಿಯೊಂದನ್ನು ಹೊಕ್ಕೆ. ಪತ್ರದಲ್ಲಿ ನನ್ನನ್ನು 'ಆಂಗ್ಲಭಾಷಾ ಪಾರಂಗತ' ಎಂದು ಹೊಗಳಿದ್ದಾರೆ. ಬರೆದವನು ನನ್ನ ವಿದ್ಯಾರ್ಥಿಯೇ, ಪಾಪ, ಅವನಿಗೆ ಬೇರೆ ದಾರಿ ಇರಲಿಲ್ಲ. ಅಂಗಡಿಯವನು ಗಾಜು ಒರೆಸುತ್ತ, "ಒಂದೇ ಹಾಳಿ ಏನ್ರಿ ಸರ? ಹಿಂದ ಮತ್ತೇನರ ಅದ?" ಎಂದ. ಸಹಜವಾದ ಪ್ರಶ್ನೆ. ನನಗೆ ಮಾತ್ರ ಕಪಾಳಕ್ಕೆ ಹೊಡೆದಂತಾಯಿತು. ಯಾಕೆಂದು ಹೇಳುತ್ತೇನೆ, ಕೇಳಿ. ನಗಬೇಕೆನಿಸಿದರೆ ನಗಿ, ಸಂಕೋಚ ಬೇಡ.

ಸುರಪುರದಲ್ಲಿ ಮಾಸ್ತರಿಕೆ ಮಾಡುವಾಗ ನಾನು ಶಾಂತಮ್ಮನ ಖಾನಾವಳಿಯಲ್ಲಿ ಉಣ್ಣುತ್ತಿದ್ದೆ. ಮುಂದಿನ ಪಡಸಾಲೆಯಲ್ಲಿ ಖಾನಾವಳಿ, ಹಿಂದಿನ ಎರಡು ಕೋಣೆಗಳಲ್ಲಿ ಆಕೆಯ ಸಂಸಾರ. ಆಕೆಯ ಪುಂಡಿಪಲ್ಯದ ಬಗ್ಗೆ ಬರೆಯಲು ಕೂತರೆ ಅದೇ ಬೇರೊಂದು ಪ್ರಬಂಧವಾದೀತು, ಇರಲಿ. ಆಕೆಯ ಗಂಡ ತೀರಿಕೊಳ್ಳುವ ಮೊದಲು, ಖಾನಾವಳಿ ದೊಡ್ಡದು ಮಾಡುತ್ತೇನೆಂದು ಮನೆಯನ್ನು ಒತ್ತೆಯಿಟ್ಟು ಬ್ಯಾಂಕಿನಿಂದ ಸಾಲ ಎತ್ತಿದ್ದ. ಕಂತುಗಳು ತಪ್ಪಿದವು. ಒಂದು ಬೆಳಿಗ್ಗೆ, ಮನೆಯನ್ನು ವಶಪಡಿಸಿಕೊಳ್ಳುತ್ತೇವೆಂಬ ನೋಟಿಸು ಬಾಗಿಲಿಗೆ ಅಂಟಿತು. ಪಕ್ಕದಲ್ಲೇ 'ಇಂದಿನ ಊಟ'ದ ಹಲಗೆ. ಉಣ್ಣಲು ಬಂದವರು ಎರಡನ್ನೂ ಓದಿಕೊಂಡೇ ಒಳಗೆ ಬರುತ್ತಿದ್ದರು.

ಕಲಬುರಗಿಯ ವಕೀಲರೊಬ್ಬರನ್ನು ಹಿಡಿದು ಕೋರ್ಟಿಗೆ ಹೋದದ್ದಾಯಿತು. ಹಿಡಿಸಿದವನು ನಾನೇ. ಕೆಲವು ದಿನಕ್ಕೆ ವಕೀಲರ ಗುಮಾಸ್ತ ಆದೇಶದ ಪ್ರತಿ ತಂದ. ಸರಿಯಾಗಿ ಊಟದ ಹೊತ್ತು, ಪಡಸಾಲೆ ತುಂಬಿತ್ತು. ಶಾಂತಮ್ಮ ಹಿಟ್ಟಿನ ಕೈಯನ್ನು ಸೆರಗಿಗೆ ಒರೆಸಿಕೊಂಡು, "ಓದ್ರಿ ಸರ, ನಮಗೇನ್ ತಿಳೀತದ" ಎಂದಳು. ಇಂಥ ಗಳಿಗೆಗಾಗಿಯೇ ಇಂಗ್ಲಿಷ್ ಕಲಿತವನಂತೆ ಎದ್ದು ನಿಂತು ಓದಿದೆ. ಮೊದಲ ಹಾಳಿಯ ಕೊನೆಗೆ 'ಸ್ಟೇ' ಎಂಬ ಶಬ್ದ ಸಿಕ್ಕಿತು. ಇನ್ನೇನು ಬೇಕು! "ಮಧ್ಯಂತರ ತಡೆಯಾಜ್ಞೆ ಸಿಕ್ಕದ! ಮನಿ ಉಳೀತು!" ಎಂದು ಸಾರಿಬಿಟ್ಟೆ. ಚಪ್ಪಾಳೆಯೋ ಚಪ್ಪಾಳೆ. ಮೂಲೆಯಲ್ಲಿ ಉಣ್ಣುತ್ತಿದ್ದ ಟಾಕೀಸಿನ ಗೇಟ್‌ಕೀಪರ್ ಮಾತ್ರ, "ಮಧ್ಯಂತರ ಅಂದ್ರ ಇಂಟರ್ವಲ್ ಅಲ್ಲೇನ್ರಿ? ಆಮ್ಯಾಲ ಮತ್ತ ಪಿಚ್ಚರ್ ಚಾಲೂ ಆಗ್ತದಲ್ಲ?" ಎಂದ. ನಾಲ್ಕು ಜನ ಅವನ ಬಾಯಿ ಮುಚ್ಚಿಸಿದರು. ಅವರಲ್ಲಿ ಮೊದಲನೆಯವನು ನಾನು.

ಹೊರಡುವಾಗ ಗುಮಾಸ್ತ, "ಎರಡನೇ ಹಾಳಿನೂ ಒಂದೀಟು ನೋಡ್ರಿ ಸರ, ವಕೀಲರು ಹೇಳ್ಯಾರ" ಎಂದ.

"ನನಗೇ ಇಂಗ್ಲಿಷ್ ಹೇಳಿಕೊಡ್ತೀಯೇನಪಾ?" ಎಂದೆ. ಅವನು ಬಸ್ಸಿಗೆ ಹೊತ್ತಾಯಿತೆಂದು ಹೋಗಿಬಿಟ್ಟ.

ಸಂಜೆ ಶಾಂತಮ್ಮ ಎಲ್ಲರಿಗೂ ಹೋಳಿಗೆ ಬಡಿಸಿದಳು. ಆಮೇಲೆ ಬಟ್ಟೆಯಲ್ಲಿ ಕಟ್ಟಿದ್ದ ಎರಡು ಬಂಗಾರದ ಪಾಟ್ಲಿ ಬಳೆ ತಂದು ತೋರಿಸಿದಳು. "ಇವನ್ನ ಮಾರಿ ಬ್ಯಾಂಕಿಗೆ ಕಟ್ಟಬೇಕಂತ ಮಾಡಿದ್ನಿರಿ. ಈಗ ಏನ್ ಮಾಡ್ಲಿ?"

"ಸ್ಟೇ ಇದ್ದಾಗ ಬಂಗಾರ ಯಾಕ ಮಾರ್ತೀರಿ ಶಾಂತಮ್ಮ? ಪೆಟಗ್ಯಾಗ ಇಡ್ರಿ."

ಅಷ್ಟಕ್ಕೇ ಬಿಡದೆ, ನನ್ನ ಖರ್ಚಿನಲ್ಲೇ ಆದೇಶಕ್ಕೆ ಗಾಜಿನ ಕಟ್ಟು ಹಾಕಿಸಿ ದೇವರ ಪಟಗಳ ಸಾಲಿಗೆ ತೂಗುಹಾಕಿದೆ. ದಿನಾ ಅದಕ್ಕೂ ಊದುಬತ್ತಿ. ಬ್ಯಾಂಕಿನ ಜವಾನ ಉಣ್ಣಲು ಬಂದರೆ ಅವನನ್ನು ಬೇಕೆಂದೇ ಅದರ ಎದುರಿಗೆ ಕೂಡಿಸುತ್ತಿದ್ದೆವು. ಆತನೂ ಪಾಪ ಒಮ್ಮೆ ಕೈಮುಗಿದ.

ಎರಡು ತಿಂಗಳಿಗೆ ಬ್ಯಾಂಕಿನ ಅಧಿಕಾರಿ ಪೊಲೀಸರೊಂದಿಗೆ ಬಂದರು. ನಾನು ಎದೆಯುಬ್ಬಿಸಿ ಗೋಡೆ ತೋರಿಸಿದೆ. ಸಾವಧಾನದ ಮನುಷ್ಯ ಅವರು, ಪೂರ್ತಿ ಓದಿ, "ಎರಡನೇ ಹಾಳಿ ಎಲ್ಲದ ಸರ?" ಎಂದು ಕೇಳಿದರು. ಅದು ಮೊದಲನೆಯದರ ಬೆನ್ನಿಗೇ, ಗಾಜಿನೊಳಗೇ ಇತ್ತು. ಮೊಳೆ ಕಿತ್ತು ತೆಗೆದೆವು. ಆರು ವಾರದೊಳಗೆ ಇಷ್ಟು ಹಣ ಕಟ್ಟಬೇಕು, ಕಟ್ಟದಿದ್ದರೆ ತಡೆಯಾಜ್ಞೆ ತಾನಾಗಿಯೇ ರದ್ದಾಗುತ್ತದೆ ಎಂದು ಬರೆದಿತ್ತು. ಆರು ವಾರ ಊದುಬತ್ತಿಯ ಹೊಗೆಯಲ್ಲಿ ಕಳೆದುಹೋಗಿತ್ತು.

ಶಾಂತಮ್ಮನಿಗೆ ಅದನ್ನು ಕನ್ನಡದಲ್ಲಿ ಹೇಳಬೇಕಾದವನೂ ನಾನೇ. ಆ ದಿನ ಒಂದು ಶಬ್ದವನ್ನೂ ಬಿಡಲಿಲ್ಲ.

"ಎಷ್ಟು ಕಟ್ಟಬೇಕಾಗಿತ್ರಿ?" ಎಂದಳು. ಹೇಳಿದೆ. ಆಕೆ ಒಳಗಿನ ಪೆಟ್ಟಿಗೆಯ ಕಡೆ ನೋಡಿ, "ಪಾಟ್ಲಿಗೆ ಅಷ್ಟು ಬರ್ತಿತ್ತಲ್ರಿ" ಎಂದಳು. ಬೈದಿದ್ದರೆ ನನಗೆ ಎಷ್ಟೋ ಹಗುರಾಗುತ್ತಿತ್ತು. ಬೈಯಲಿಲ್ಲ. ವಕೀಲರು ಮತ್ತೆ ಓಡಾಡಿದರು, ಏನೂ ಆಗಲಿಲ್ಲ. ಮನೆಗೆ ಬೀಗ ಬಿತ್ತು.

ಈಗ ಬಸ್‌ಸ್ಟ್ಯಾಂಡಿನ ಹತ್ತಿರ ಬಾಡಿಗೆಯ ತಗಡಿನ ಶೆಡ್ಡಿನಲ್ಲಿ ಆಕೆಯ ಖಾನಾವಳಿ ನಡೆದಿದೆ. ನನ್ನ ಊಟ ಈಗಲೂ ಅಲ್ಲೇ. ಯಾದಗಿರಿಯಿಂದ ಬಂದವನು ನಿನ್ನೆ ಮಧ್ಯಾಹ್ನ ಹೋದಾಗ ಶೆಡ್ಡಿನ ಹೊಸ ಬಾಡಿಗೆ ಕರಾರು ಮೇಜಿನ ಮೇಲಿತ್ತು. ಹಳೆಯ ಚಟ, ಮೂಗಿಗೆ ಚಾಳೀಸು ಏರಿಸಿ ಕೈ ಚಾಚಿದೆ. ಶಾಂತಮ್ಮ ಮೆಲ್ಲಗೆ ಅದನ್ನು ಆಚೆ ಸರಿಸಿ, ನನ್ನ ತಾಟಿಗೆ ಬಿಸಿ ರೊಟ್ಟಿ ಹಾಕಿದಳು.

"ನೀವು ಉಣ್ರಿ ಸರ. ಅದನ್ನ ಬ್ಯಾರೆದವ್ರ ಕಡಿಂದ ಓದಿಸಿ ಆಗ್ಯದ."

ಮೂವತ್ತು ವರ್ಷ ಸುರಪುರದ ಮಕ್ಕಳಿಗೆ ಇಂಗ್ಲಿಷ್ ಕಲಿಸಿದ ನಾನು, ನಾಚಿಕೆಯಿಂದ ತಲೆ ತಗ್ಗಿಸಿ, ಬಾಯಿಯನ್ನು ರೊಟ್ಟಿಗಷ್ಟೇ ತೆರೆದೆ.