ದೊರೆಸಾನಿ ಮನೆಯವರು

ಹಲಸೂರಿನ ಹಳಬರಿಗೆ ಅಂಜಿನಮ್ಮ ಎಂದರೆ ಗೊತ್ತಾಗುತ್ತಿರಲಿಲ್ಲ. ದೊರೆಸಾನಿ ಮೊಮ್ಮಗಳು ಎಂದರೆ ಕೂಡಲೇ ಮನೆ ತೋರಿಸುತ್ತಿದ್ದರು. ದೊರೆಸಾನಿ ಎಂದರೆ ದೊರೆಯ ಹೆಂಡತಿ, ರಾಣಿ. ಅಜ್ಜಿ ಮುನಿಗಂಗಮ್ಮನ ಠೀವಿ ನೋಡಿ ಜನ ಹಾಗೆ ಕರೆದಿರಬೇಕು ಎಂದುಕೊಂಡು, ಹೊಸ ತಿಪ್ಪಸಂದ್ರದ ಬಾಡಿಗೆ ಅಂಗಡಿಯಲ್ಲಿ ರವಿಕೆ ಹೊಲಿಯುತ್ತ ಅಂಜಿನಮ್ಮ ಒಳಗೊಳಗೇ ಹೆಮ್ಮೆಪಡುತ್ತಿದ್ದಳು.

ತೊಂಬತ್ತೇಳನೇ ಇಸವಿಯಲ್ಲಿ ಮಗಳು ನಂದಿತಾಳಿಗೆ ಕೆ.ಆರ್. ಪುರದ ಗಂಡು ಕೂಡಿಬಂತು. ಮಾತೆಲ್ಲ ಮುಗಿಯಿತು ಎನ್ನುವಾಗ ಗಂಡಿನ ಸೋದರತ್ತೆ ಕಾಫಿ ಲೋಟ ಕೆಳಗಿಟ್ಟರು.

"ಹಲಸೂರಲ್ಲಿ ದೊರೆಸಾನಿ ಮನೆಯೋರು ಅಂತ ಇದ್ರಂತೆ. ದಂಡಿನ ಬಿಳಿ ದೊರೆ ಒಬ್ಬಳನ್ನ ಇಟ್ಕೊಂಡಿದ್ನಂತಲ್ಲ, ಅವಳ ವಂಶ. ನೀವೇನಾ?"

ಅಂಜಿನಮ್ಮ ಬಗ್ಗಿ ಲೋಟ ಎತ್ತಿಕೊಂಡಳು. "ಅಯ್ಯೋ, ಅವರ್ಯಾರೋ ನಮಗೆ ಗೊತ್ತಿಲ್ಲಮ್ಮ," ಎಂದುಬಿಟ್ಟಳು. ಬಾಗಿಲಲ್ಲಿ ನಿಂತಿದ್ದ ನಂದಿತಾ ತಾಯಿಯ ಮುಖವನ್ನೇ ನೋಡಿದಳು.

ಮರುದಿನ ಅಂಜಿನಮ್ಮ, ಅಜ್ಜಿಯನ್ನು ಕಣ್ಣಾರೆ ಕಂಡಿದ್ದ ಮುದುಕಿ ಮಾರಕ್ಕನ ಮನೆಗೆ ಓಡಿದಳು.

"ನಿಮ್ಮಜ್ಜಿ ಬಂಗಲೇಲಿ ಆಯಾ ಆಗಿದ್ಳು," ಎಂದಳು ಮಾರಕ್ಕ ಎಲೆ ಅಡಿಕೆ ಕುಟ್ಟುತ್ತ. "ದೊರೆ ಹೆಂಡ್ತಿ ಹೆರಿಗೇಲಿ ಸತ್ತೋದ್ಳು. ತನ್ನ ಕೂಸಿನ ಜೊತೆ ಆ ಕೂಸಿಗೂ ಇವಳೇ ಹಾಲು ಕೊಟ್ಳು. ದೊರೆ ಮಗೂನ ಕರ್ಕೊಂಡು ಹಡಗು ಹತ್ತಿ ತನ್ನ ಸೀಮೆಗೆ ಹೋದ್ಮೇಲೆ ಅಳ್ತಾ ಮನೆಗೆ ಬಂದ್ಳು. 'ಬಂದ್ಳು ನೋಡ್ರೋ ದೊರೆಸಾನಿ' ಅಂತ ಬೀದಿ ಜನ ನಕ್ರು. ಆ ಹೆಸರೇ ನಿಂತೋಯ್ತು."

"ದೊರೆ ಇಟ್ಕೊಂಡಿದ್ದು ನಿಜಾನಾ ಮಾರಕ್ಕ?"

"ಅದು ಅವಳಿಗೇ ಗೊತ್ತು. ಕೆಣಕಿದೋರಿಗೆಲ್ಲ 'ಹೂಂ ಕಣ್ರೋ, ದೊರೆಸಾನೀನೇ' ಅಂತಿದ್ಳು."

ಅಂಜಿನಮ್ಮ ಮಗಳಿಗೆ ಏನನ್ನೂ ಮುಚ್ಚಿಡಲಿಲ್ಲ. ನಂದಿತಾ ಕಾಲೇಜಿನ ಕನ್ನಡ ಮೇಡಂ ಅವರನ್ನು ಆ ಹೆಸರಿನ ಅರ್ಥ ಕೇಳಿಕೊಂಡು ಬಂದಳು.

"ಸಾನಿ ಅಂದ್ರೆ ಸ್ವಾಮಿನಿ, ಒಡತಿ ಅಂತಮ್ಮ. ಕುಣಿಯೋ ಹೆಂಗಸರನ್ನ ನಾಯಕಸಾನಿ ಅಂತಾರಲ್ಲ, ಅದರಲ್ಲಿರೋದೂ ಇದೇ ಸಾನಿ. ಅಲ್ಲಿ ಅದು ಬೈಗುಳ ಆಗೋಯ್ತು. ನಿಜ ಹೇಳ್ಬಿಡೋಣ."

"ಸಂಬಂಧ ಮುರಿದ್ರೆ?"

ನಂದಿತಾ ಆಮೇಲೆ ಆ ಮಾತನ್ನು ಎತ್ತಲಿಲ್ಲ.

ಮದುವೆ ನಡೆಯಿತು. ಮಾರಕ್ಕನನ್ನು ಕರೆದಿರಲಿಲ್ಲ, ತುಂಬಿದ ಮಂಟಪದಲ್ಲಿ ಮುದುಕಿ ಹಳೆಯ ಹೆಸರು ಹಿಡಿದು ಕೂಗಿದರೆ ಎಂಬ ಭಯ. ಹಾರ ಹಾಕುವಾಗಲೂ ಅಂಜಿನಮ್ಮನ ಕಣ್ಣು ಬಾಗಿಲ ಕಡೆಗೇ ಇತ್ತು.

ಎಲ್ಲ ಮುಗಿದ ಮೇಲೆ ಲಾಡು ಕಟ್ಟಿಕೊಂಡು ಮಾರಕ್ಕನ ಮನೆಗೆ ಹೋದಳು. ಮುದುಕಿ ಕೈ ಚಾಚಲಿಲ್ಲ, ರೇಗಲೂ ಇಲ್ಲ.

"ನನ್ನ ಮದುವೇಗೆ ನಿಮ್ಮಜ್ಜೀನ ಕರೀಬೇಡಿ ಅಂದ್ರು ಬೀಗರು. ನಮ್ಮವ್ವ ತಾನೇ ಹೋಗಿ ಕೈ ಹಿಡ್ಕೊಂಡು ಕರ್ಕೊಂಡು ಬಂದ್ಳು."

ಅಂಜಿನಮ್ಮ ಲಾಡಿನ ಪೊಟ್ಟಣವನ್ನು ಮಡಿಲಲ್ಲಿಟ್ಟುಕೊಂಡು ಜಗಲಿಯ ಮೇಲೆ ಕುಳಿತಳು.